ಪೆಟ್ಟಿಗೆ ಕಾದ ಗೂಟದಣ್ಣ

ಬ್ಯಾಂಕಿನ ಬಾಗಿಲಲ್ಲಿ ತನ್ನ ಸ್ವಂತದ ಜೋಡುನಳಿಗೆ ಬಂದೂಕು ಹಿಡಿದು ನಿಲ್ಲುತ್ತಿದ್ದವನಿಗೆ ಗೂಟದಣ್ಣ ಎಂಬ ಹೆಸರು ಯಾಕೆ ಬಂತು ಎಂದು ಯಾರೂ ಕೇಳುತ್ತಿರಲಿಲ್ಲ. ಒಂದು ಸಲ ನೋಡಿದರೆ ಸಾಕಿತ್ತು. ನಿಂತ ಎಂದರೆ ನಿಂತ. ಮೂಗಿನ ಮೇಲೆ ನೊಣ ಕೂತರೆ ನೊಣಕ್ಕೇ ಬೇಸರ ಬಂದು ಎದ್ದು ಹೋಗಬೇಕು, ಅವನು ಕೈ ಎತ್ತುವವನಲ್ಲ. ಅವನ ಬೆನ್ನು ತಾಗಿ ತಾಗಿ ಬಾಗಿಲ ಪಕ್ಕದ ಗೋಡೆ ಒಂದಾಳಿನ ಅಳತೆಗೆ ಕಪ್ಪಾಗಿತ್ತು. ಒಮ್ಮೆ ಬಣ್ಣ ಬಳಿಯಲು ಬಂದವನು “ಸ್ವಲ್ಪ ಸರೀರಿ” ಎಂದು ಕೇಳಿ ಕೇಳಿ ಸಾಕಾಗಿ, ಅವನನ್ನು ಬಿಟ್ಟು ಸುತ್ತಲೂ ಬಳಿದು ಹೋಗಿದ್ದ.

ಮನೆಯಲ್ಲೂ ಅದೇ ಕತೆ. ಮಗಳು ಹುಟ್ಟಿದಾಗ ಆಸ್ಪತ್ರೆಯ ಕೋಣೆಯ ಬಾಗಿಲಲ್ಲಿ ನಿಂತು, ಒಳಗೆ ಹೊರಟ ಡಾಕ್ಟರನ್ನೇ “ಯಾರನ್ನ ನೋಡ್ಬೇಕಿತ್ತು?” ಎಂದು ತಡೆದಿದ್ದ. ಅದೇ ಮಗಳ ಮದುವೆಯ ಫೋಟೋಗಳಲ್ಲಿ ಅವನು ಎಲ್ಲೂ ಪೂರ್ತಿ ಇಲ್ಲ. ಒಂದರಲ್ಲಿ ಮಾತ್ರ ಬಾಗಿಲ ಪಕ್ಕ ಒಂದು ಭುಜ ಕಾಣುತ್ತದೆ. “ಇದು ತಾತನ ಭುಜ” ಎಂದು ಮಗಳು ತನ್ನ ಕೂಸಿಗೆ ತೋರಿಸುತ್ತಾಳೆ.

ಅವನಿಗೆ ಇನ್ನೊಂದು ಗುಣವಿತ್ತು. ಸುಳ್ಳು ಬರುತ್ತಿರಲಿಲ್ಲ. ಬರುತ್ತಿರಲಿಲ್ಲ ಎಂದರೆ ಕೆಲವರಿಗೆ ಈಜು ಬರುವುದಿಲ್ಲವಲ್ಲ, ಹಾಗೆ. ಬ್ಯಾಂಕಿಗೆ ಬಂದ ಮುದುಕಿಯರು ಬಂದೂಕು ನೋಡಿ ಹಿಂಜರಿದರೆ ತಾನಾಗಿಯೇ ಹೇಳುತ್ತಿದ್ದ: “ಹೆದರ್ಬೇಡಿಮ್ಮಾ, ಇದ್ರಲ್ಲಿ ತೋಟಾ ಇಲ್ಲ. ತೋಟಾ ಒಳಗೆ ಬೀರೂನಲ್ಲಿದೆ. ಬೀರೂ ಕೀಲಿ ಮ್ಯಾನೇಜರ ಹತ್ರ ಇದೆ. ಮ್ಯಾನೇಜರು ಊಟಕ್ಕೆ ಹೋಗಿದಾರೆ.”

ಮ್ಯಾನೇಜರ್ ತಲೆ ಚಚ್ಚಿಕೊಂಡರು. “ಅಣ್ಣಾ, ಕಳ್ಳ ಬಂದ್ರೆ ಅವನಿಗೂ ಹೀಗೇ ಹೇಳ್ತೀಯಾ?”

“ಕೇಳಿದ್ರೆ ಹೇಳ್ಬೇಕಲ್ವಾ ಸಾರ್.”

ಕಳ್ಳ ಬರಲಿಲ್ಲ. ಬಂದೂಕು ಒಂದು ಸಲವೂ ಢಂ ಅನ್ನಲಿಲ್ಲ. ಹೀಗೆ ಅವನ ಪ್ರಾಯ ಕಳೆದು ಮೀಸೆ ಬೆಳ್ಳಗಾಯಿತು.

ಅವನ ಹೆಂಡತಿ ದರ್ಜಿಯ ಅಂಗಡಿಯಿಂದ ಅಂಗಿಗಳನ್ನು ತಂದು ಕಾಜ ಕಟ್ಟಿ ಗುಂಡಿ ಹಾಕಿಕೊಡುತ್ತಿದ್ದಳು. ಗಂಡ ಮರವಾದರೆ ಹೆಂಡತಿ ನೀರಾಗಬೇಕು ಎಂಬ ಜಾತಿಯವಳಲ್ಲ. ಮಾತು ಸೂಜಿಯಂತೆ, ಚುಚ್ಚಿದರೂ ಹೊಲಿಗೆ ಹಾಕಿಯೇ ಹೊರಬರುತ್ತಿತ್ತು. ಆ ಗಂಡನನ್ನು ಇಷ್ಟು ವರ್ಷ ಬಾಳಿಸಿದ್ದು ಆ ನಾಲಿಗೆಯೇ ಎಂದು ನೆರೆಯವರ ಮಾತು. ಗಂಡನಿಗೆ ಊಟ ಬಡಿಸಿ ಆದಮೇಲೆ “ಈಗ ಕೂತ್ಕೋಬಹುದು” ಎಂದು ಅವಳು ಹೇಳಬೇಕಿತ್ತು. ಇಲ್ಲದಿದ್ದರೆ ತಟ್ಟೆಯ ಪಕ್ಕ ನಿಂತೇ ಇರುತ್ತಿದ್ದ.

ಒಂದು ದಿನ ಬ್ಯಾಂಕಿನವರು ಆ ಬ್ಯಾಂಕನ್ನೇ ಮುಚ್ಚಿದರು. ಅದರ ಜಾಗಕ್ಕೆ ಒಂದು ಗಾಜಿನ ಗೂಡು, ಗೂಡಿನೊಳಗೆ ಒಂದು ಯಂತ್ರ ಬಂತು. ಯಂತ್ರಕ್ಕೆ ಕಾವಲು ಬೇಡವಂತೆ, ಅದರ ಹಣೆಯಲ್ಲೇ ಕಣ್ಣಿದೆಯಂತೆ. ಬ್ಯಾಂಕಿನ ಹಿಂದೆ ಇವರಿಗೆ ಕೊಟ್ಟಿದ್ದ ಮನೆಯನ್ನು ತಿಂಗಳ ಕೊನೆಗೆ ಬಿಡಿ ಎಂದರು.

ಇದ್ದವಳು ಒಬ್ಬಳೇ ಮಗಳು, ಪಕ್ಕದ ಜಿಲ್ಲೆಯಲ್ಲಿ. ಅಳಿಯನದು ಗಡಿಯಾರ ರಿಪೇರಿ. ಮನೆ ಎಂದರೆ ಒಂದು ಕೋಣೆ, ಒಂದು ಅಡುಗೆಮನೆ. ಫೋನಿನಲ್ಲಿ ಮಗಳು, “ಬನ್ನಿಮ್ಮಾ, ರಾತ್ರಿ ಅಡುಗೆಮನೇಲಿ ಹಾಸ್ಕೊಂಡ್ರಾಯ್ತು” ಎಂದಳು. ಅವಳ ಹಿಂದೆ ಅಳಿಯ ಗಂಟಲು ಸರಿಮಾಡಿಕೊಂಡದ್ದು ಕೇಳಿಸಿತು. ಕೆಟ್ಟವನಲ್ಲ ಅವನು. ಆದರೆ ಆ ಗಂಟಲಿನ ಸದ್ದು ಹೆಂಡತಿಯ ಕಿವಿಯಲ್ಲಿ ಮುಳ್ಳಿನಂತೆ ಉಳಿಯಿತು. ಮಗಳ ಮನೆಗೆ ಹೋದರೆ ಬಾಗಿಲಿಂದ ಹೋಗಿ ಬಾಗಿಲಿಂದ ಬರಬೇಕು, ಒಲೆಯ ಬುಡದಲ್ಲಿ ಬೇರು ಬಿಡಬಾರದು ಎಂದು ಅವಳ ಲೆಕ್ಕ.

ಅಳಿಯನೇ ಒಂದು ದಾರಿಯನ್ನೂ ಹುಡುಕಿದ. ಅವನ ಬೀದಿಯಲ್ಲಿದ್ದ ಚಿನ್ನದ ಅಂಗಡಿಗೆ ಕಾವಲಿನವನು ಬೇಕಿತ್ತು. ಅಂಗಡಿಯ ಹಿಂದೆ ಒಂದು ಕೋಣೆ, ಅದಕ್ಕೆ ಬೇರೆ ಬಾಗಿಲು, ಬೇರೆ ನಲ್ಲಿ. ಕಾವಲಿನವನಿಗೆ ಅದೇ ಮನೆ. ಅಂಗಡಿಯ ಧಣಿಯ ಷರತ್ತು ಒಂದೇ: ಬಂದೂಕೂ ಲೈಸೆನ್ಸೂ ಸ್ವಂತದ್ದಾಗಿರಬೇಕು, ಬರುವ ಸೋಮವಾರ ಅಂಗಡಿ ತೆಗೆಯುವ ಹೊತ್ತಿಗೆ ಬಂದೂಕಿನ ಸಮೇತ ಬಾಗಿಲಲ್ಲಿರಬೇಕು. ತಪ್ಪಿದರೆ ಇನ್ನೊಬ್ಬನಿದ್ದಾನೆ.

“ನಲ್ಲಿ ಬೇರೆ ಅಂತೆ ಕಣ್ರೀ” ಎಂದಳು ಹೆಂಡತಿ. ರಾತ್ರಿಯೆಲ್ಲ ಆ ನಲ್ಲಿಯ ಮಾತೇ ಆಡಿದಳು.

ಗಂಡಹೆಂಡಿರು ಪೊಲೀಸ್ ಠಾಣೆಗೆ ಹೋದರು. ಠಾಣೆಯ ರೈಟರು ಲೈಸೆನ್ಸು ತಿರುಗಿಸಿ ನೋಡಿ, “ಇದು ಈ ಜಿಲ್ಲೆಗೆ ಮಾತ್ರ. ಗಡಿ ದಾಟಿಸಿ ನೀವು ಕೈಯಲ್ಲಿ ಹಿಡ್ಕೊಂಡು ಹೋದ್ರೆ ಅಪರಾಧ” ಎಂದರು.

“ಹಾಗಾದ್ರೆ ಬಂದೂಕು ಹೋಗೋ ಹಾಗಿಲ್ವಾ ಸಾರ್?”

“ಬಂದೂಕು ಹೋಗಬಹುದು. ನೀವೂ ಹೋಗಬಹುದು. ಇಬ್ಬರೂ ಜೊತೆಯಾಗಿ ಹೋಗೋ ಹಾಗಿಲ್ಲ.”

“ಅಯ್ಯೋ, ಇವರೇನು ಓಡಿಹೋಗೋ ಹುಡುಗ ಹುಡುಗೀನಾ?” ಎಂದಳು ಹೆಂಡತಿ.

ರೈಟರು ನಗಲಿಲ್ಲ. ಇಲ್ಲಿನ ಬಂದೂಕಿನ ಅಂಗಡಿಯವರು ಅಲ್ಲಿನ ಬಂದೂಕಿನ ಅಂಗಡಿಯವರಿಗೆ ಕಳಿಸಬೇಕು. ಆ ಕಡೆಯ ಠಾಣೆಗೆ ತಾವು ಬರೆಯುತ್ತೇವೆ, ಅವರು ಲೈಸೆನ್ಸಿನಲ್ಲಿ ಹೊಸ ಜಿಲ್ಲೆ ಸೇರಿಸಿಕೊಡುತ್ತಾರೆ, ಆಮೇಲೆ ಅಲ್ಲಿನ ಅಂಗಡಿಯಿಂದ ಬಿಡಿಸಿಕೊಳ್ಳಿ ಎಂದು ಬಿಡಿಸಿ ಹೇಳಿದರು. ಗೂಟದಣ್ಣ ಎಲ್ಲಕ್ಕೂ “ಸರಿ ಸಾರ್” ಎಂದ. ಹೊರಗೆ ಬಂದ ಮೇಲೆ, “ಅದು ಒಂಟಿಯಾಗಿ ಎಲ್ಲೂ ಹೋಗಿಲ್ಲ” ಎಂದ.

“ನೀವು ಮಾತ್ರ ಭಾರಿ ಊರು ಸುತ್ತಿದೋರು” ಎಂದಳು ಅವಳು.

ಬಂದೂಕು ಹೋಗುವ ಪೆಟ್ಟಿಗೆ ಮಾಡಿಕೊಟ್ಟದ್ದು ಬೀದಿಯ ಬಡಗಿ. ಉದ್ದಕ್ಕೆ, ಅಗಲ ಕಡಿಮೆ. ಅದನ್ನು ಹೆಗಲ ಮೇಲೆ ಹೊತ್ತು ತಂದಾಗ ಎದುರುಮನೆಯವಳು ಸೆರಗು ಬಾಯಿಗೆ ಒತ್ತಿಕೊಂಡು ಓಡಿ ಬಂದಳು. “ಯಾವಾಗ ಹೋದ್ರು? ನಿನ್ನೆ ಸಂಜೆ ಬಾಗಿಲಲ್ಲಿ ನಿಂತಿದ್ರಲ್ಲಾ!”

“ಈಗ್ಲೂ ಅಲ್ಲೇ ನಿಂತಿದಾರೆ, ನೋಡು” ಎಂದಳು ಹೆಂಡತಿ.

ಎದುರುಮನೆಯವಳು ನೋಡಿದಳು. ಅವನು ನಿಂತೇ ಇದ್ದ. ಆದರೂ ಅವಳ ಅನುಮಾನ ಪೂರ್ತಿ ಹೋಗಲಿಲ್ಲ. ಸತ್ತರೂ ಹಾಗೇ ನಿಂತಿರುವ ಮನುಷ್ಯ ಎಂದು ಅವಳ ಮುಖ ಹೇಳುತ್ತಿತ್ತು.

ಗುರುವಾರ ಬೆಳಿಗ್ಗೆ ಬಂದೂಕು, ಪೆಟ್ಟಿಗೆ, ಹೆಂಡತಿ ಮೂವರನ್ನೂ ಕರೆದುಕೊಂಡು ಗೂಟದಣ್ಣ ಬಂದೂಕಿನ ಅಂಗಡಿಗೆ ಹೋದ. ಅಂಗಡಿಯ ಸಾಹುಕಾರರು ಕನ್ನಡಕ ಹಣೆಗೇರಿಸಿ ಕೆಲಸಕ್ಕೆ ಕೂತರು. ಮೊದಲು ತೋಟಾಗಳನ್ನು ಬೇರೆ ತೆಗೆದಿಟ್ಟು, “ಇವು ಜೊತೆಗೆ ಹೋಗೋದಿಲ್ಲ, ಇಲ್ಲೇ ನನ್ನ ಹತ್ರ ಉಳೀತವೆ” ಎಂದರು. ಬಂದೂಕನ್ನು ನಡುವಿನ ಕೀಲಿನಲ್ಲಿ ಮಡಚಿ ತೆರೆದು, ನಳಿಗೆಗಳನ್ನು ಬೆಳಕಿಗೆ ಹಿಡಿದು ನೋಡಿದರು. ಗೂಟದಣ್ಣನಿಗೆ ತೋರಿಸಿದರು. ಆಮೇಲೆ, “ನೀವೂ ನೋಡಿಮ್ಮಾ. ಖಾಲಿ ಅಂತ ಒಬ್ಬ ಹೇಳಿದ್ರೆ ಸಾಲ್ದು” ಎಂದರು.

ಇಷ್ಟು ವರ್ಷ ಆ ಬಂದೂಕನ್ನು ಒರೆಸಿ ಮೂಲೆಗಿಟ್ಟವಳು ಒಂದು ದಿನವೂ ಅದರ ಒಳಗೆ ಇಣುಕಿರಲಿಲ್ಲ. ಕಣ್ಣಿಟ್ಟು ನೋಡಿದಳು. ಎರಡು ದುಂಡು ಬೆಳಕು. ಎಡಗಡೆಯದರಲ್ಲಿ ಎದುರಿನ ಕ್ಷೌರದಂಗಡಿ ಕಾಣಿಸಿತು, ಒಬ್ಬನ ಕೆನ್ನೆಯ ಮೇಲೆ ಸೋಪಿನ ನೊರೆ. “ಖಾಲಿ ಇದೆ, ಆದ್ರೆ ಅವನ ಒಂದು ಕಡೆ ಮೀಸೆ ಹೋಯ್ತು” ಎಂದಳು.

ಸಾಹುಕಾರರು ನಳಿಗೆಯನ್ನೂ ಮರದ ಹಿಡಿಯನ್ನೂ ಬೇರೆ ಬೇರೆ ಮಾಡಿದರು. ಬೆರಳು ಹಾಕುವ ಕಡೆ ಒಂದು ಸಣ್ಣ ಬೀಗ ಜಡಿದು, ಅದರ ಕೀಲಿಯನ್ನು ಲಕೋಟೆಗೆ ಹಾಕಿ, ಇದು ಅಂಚೆಯಲ್ಲಿ ಬೇರೆ ಹೋಗುತ್ತದೆ, ಬೀಗ ಕೀಲಿ ಒಂದೇ ಗಾಡಿಯಲ್ಲಿ ಹೋದರೆ ಬೀಗ ಹಾಕಿ ಏನು ಫಲ ಎಂದರು. ಆಗ ಹೆಂಡತಿ ತನ್ನ ಚೀಲದಿಂದ ಹಳೆಯ ರಜಾಯಿಯಲ್ಲಿ ಹೊಲಿದ ಎರಡು ಗವಸು ತೆಗೆದಳು. ನಳಿಗೆಗೊಂದು, ಹಿಡಿಗೊಂದು. ಉದ್ದಕ್ಕೂ ಕಾಜ, ಗುಂಡಿ.

ಸಾಹುಕಾರರು ಬೆರಗಾದರು. “ಬಂದೂಕಿಗೆ ಕೋಟು ಹೊಲಿದಿದ್ದೀರಲ್ಲಮ್ಮಾ! ನನ್ನ ಕೋಟಿಗೇ ಇಷ್ಟು ಗುಂಡಿ ಇಲ್ಲ.”

“ಅಲುಗಾಡಬಾರ್ದಲ್ಲಾ ಸಾಹುಕಾರ್ರೇ. ಅದಕ್ಕೂ ಇವರ ಹಾಗೇ ಅಲುಗಾಡಿ ಅಭ್ಯಾಸ ಇಲ್ಲ.”

ಪೆಟ್ಟಿಗೆಗೆ ಮೊಳೆಯಲ್ಲ, ತಿರುಪು ಹಾಕಿದರು. ನಾಲ್ಕು ಮೂಲೆಗೂ ಅರಗಿನ ಮುದ್ರೆ ಒತ್ತಿದರು. ಹೊರಗೆ ಎರಡು ಹೆಸರು, ಎರಡು ವಿಳಾಸ, ಅಷ್ಟೆ. ಒಳಗೇನಿದೆ ಎಂದು ಒಂದಕ್ಷರವಿಲ್ಲ. “ಪಾರ್ಸಲ್ ಆಫೀಸಿನ ಮೇಡಮ್ಮಿಗೂ ಲಾರಿ ಡ್ರೈವರಿಗೂ ಕಾಗದ ತೋರಿಸ್ತೀವಿ, ಅವರು ಸಹಿ ಹಾಕ್ತಾರೆ. ಉಳಿದೋರಿಗೆ ಗೊತ್ತಾಗ್ಬಾರ್ದು. ಬಂದೂಕು ಅಂತ ಬರೆದು ಕಳಿಸಿದ್ರೆ ಕಳ್ಳನಿಗೆ ನಾವೇ ಎಲೆ ಹಾಕಿ ಕರೆದ ಹಾಗೆ. ಯಾರು ಕೇಳಿದ್ರೂ ನೀವೂ ಹೇಳ್ಬಾರ್ದು.”

ಗೂಟದಣ್ಣನ ಮುಖ ಸಣ್ಣದಾಯಿತು. “ಸುಳ್ಳು ಹೇಳ್ಬೇಕಾ?”

“ಸುಳ್ಳು ಯಾಕೆ? ಸುಮ್ಮನಿರಿ.”

“ಸುಮ್ಮನಿರೋದು ಬರುತ್ತೆ” ಎಂದು ಅವನು ಹಗುರಾದ.

ಮಧ್ಯಾಹ್ನದ ಹೊತ್ತಿಗೆ ಪೆಟ್ಟಿಗೆ ಪಾರ್ಸಲ್ ಆಫೀಸು ಸೇರಿತು. ತಗಡಿನ ಮಾಡು, ಗೋಣಿಯ ದೂಳು, ನೆಲಕ್ಕೆ ಹೂತ ತಕ್ಕಡಿ, ಮೂಟೆಗಳ ಮೇಲೆ ಸೀಮೆಸುಣ್ಣದ ಗುರುತು. ಜಾಲರಿಯ ಹಿಂದೆ ಕೂತ ಮೇಡಂ ಕಾಗದ ಓದಿ, ಸಹಿ ಮಾಡಿ, “ಇವತ್ತು ಸಂಜೆ ಲಾರಿಗೆ ಹೋಗುತ್ತೆ, ನಾಳೆ ಬೆಳಿಗ್ಗೆ ಅಲ್ಲಿರುತ್ತೆ. ಇನ್ನು ನಮ್ಮ ಹೊಣೆ. ಮನೆಗೆ ಹೋಗಿ ನಿದ್ದೆ ಮಾಡಿ” ಎಂದರು.

ಮನೆಗೆ ಬಂದ ಗೂಟದಣ್ಣ ಊಟ ಮಾಡಿದ. ಎದ್ದ. ಕೂತ. ಮತ್ತೆ ಎದ್ದ. “ಸ್ವಲ್ಪ ನಿಂತು ಬರ್ತೀನಿ” ಎಂದು ಹೊರಟ. ಬೇರೆ ಗಂಡಸರು ಸ್ವಲ್ಪ ಓಡಾಡಿ ಬರುತ್ತೇನೆ ಎನ್ನುವ ಹಾಗೆ ಅವನು ಸ್ವಲ್ಪ ನಿಂತು ಬರುತ್ತೇನೆ ಎನ್ನುವುದು ಹೆಂಡತಿಗೆ ಹೊಸದಲ್ಲ. ಕಾಲಿಗೆ ಕೆಲಸವಿಲ್ಲದೆ ಜೋಮು ಹಿಡಿದಿರಬೇಕು ಎಂದುಕೊಂಡಳು. ಕತ್ತಲಾಗುವಾಗ ಬಂದ, ಉಂಡ, ಮಲಗಿದ. ಬೆಳಿಗ್ಗೆ ಅವಳು ಏಳುವ ಮೊದಲೇ ಮತ್ತೆ ನಿಲ್ಲಲು ಹೋಗಿದ್ದ.

ಶುಕ್ರವಾರ ಹಾಲು ತರಲು ಹೋದವಳನ್ನು ಚಹಾದಂಗಡಿಯವಳು ಕೇಳಿದಳು. “ಏನಕ್ಕಾ, ನಿಮ್ಮೆಜಮಾನ್ರಿಗೆ ಪಾರ್ಸಲ್ ಆಫೀಸಲ್ಲಿ ಕೆಲಸ ಸಿಕ್ತಂತೆ? ನಿನ್ನೆಯಿಂದ ಅಲ್ಲಿ ಏನೋ ಕಾಯ್ತಿದಾರಂತಲ್ಲಾ. ಊರೆಲ್ಲಾ ನೋಡೋಕೆ ಹೋಗ್ತಿದೆ.”

ಹೆಂಡತಿ ಹಾಲಿನ ಪಾತ್ರೆಯನ್ನು ಅಲ್ಲೇ ಇಟ್ಟು ಓಡಿದಳು.

ಪಾರ್ಸಲ್ ಆಫೀಸಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ನಡುವೆ ಆ ಉದ್ದನೆಯ ಪೆಟ್ಟಿಗೆ. ಪೆಟ್ಟಿಗೆಯ ಪಕ್ಕ ಬ್ಯಾಂಕಿನ ಖಾಕಿ ಬಟ್ಟೆ, ಟೋಪಿ, ಪಾಲಿಷ್ ಹಾಕಿದ ಬೂಟು ತೊಟ್ಟು ಗೂಟದಣ್ಣ. ಕೈಯಲ್ಲಿ ಬಂದೂಕಿಲ್ಲದ್ದಕ್ಕೆ ಕೊಡೆಯನ್ನು ಭುಜಕ್ಕೆ ಒರಗಿಸಿಕೊಂಡಿದ್ದ.

ಆ ಗೋದಾಮಿನಲ್ಲಿ ನೂರಾರು ಗಂಟುಮೂಟೆ ಇದ್ದವು. ಒಂದರ ಮೇಲೂ ಯಾರ ಕಣ್ಣೂ ಇರಲಿಲ್ಲ. ಒಳಗೇನಿದೆ ಎಂದು ಯಾರಿಗೂ ತಿಳಿಯಬಾರದು ಎಂದು ಸಾಹುಕಾರರು ಒಂದಕ್ಷರ ಬರೆಯದೆ ಕಳಿಸಿದ್ದ ಪೆಟ್ಟಿಗೆಯ ಪಕ್ಕದಲ್ಲಿ ಇವನು ಟೋಪಿ ಹಾಕಿಕೊಂಡು ನಿಂತು ಊರಿಗೇ ಡಂಗುರ ಹೊಡೆದಿದ್ದ.

“ಏನಣ್ಣಾ ಅದ್ರೊಳಗೆ?” ಎಂದು ಒಬ್ಬ ಕೇಳಿದ.

“ಹೇಳೋ ಹಾಗಿಲ್ಲ.”

ಈ ಎರಡು ಮಾತು ಬೆಂಕಿಗೆ ತುಪ್ಪ ಸುರಿದ ಹಾಗಾಗಿತ್ತು. ಚಿನ್ನ ಎಂದು ಒಬ್ಬ, ಯಾವುದೋ ಮಂತ್ರಿಯ ಗುಟ್ಟಿನ ಕಾಗದ ಎಂದು ಇನ್ನೊಬ್ಬ. ಮೂಟೆ ಹೊರುವವರ ಮೇಸ್ತ್ರಿ ಮಾತ್ರ ಖಂಡಿತವಾಗಿ, “ಹಾವು. ಉದ್ದ ನೋಡಿ ಗೊತ್ತಾಗಲ್ವಾ? ದೊಡ್ಡೋರು ಯಾರೋ ಸಾಕೋಕೆ ತರಿಸ್ಕೊಳ್ತಿದಾರೆ” ಎಂದ. “ಹಾವಿಗೆ ಉಸಿರಾಡೋಕೆ ತೂತು ಬೇಡ್ವೇನೋ?” ಎಂದು ಯಾರೋ ಕೇಳಿದ್ದಕ್ಕೆ, “ಅದಕ್ಕೇ ಸುಮ್ಮನಿದೆ” ಎಂದ.

ಹೆಂಡತಿ ಜನರನ್ನು ಸೀಳಿಕೊಂಡು ಹೋಗಿ ಗಂಡನ ಕಿವಿಯ ಹತ್ತಿರ ಹಲ್ಲು ಕಚ್ಚಿ, “ಏನ್ರೀ ಇದು ಅವತಾರ? ನಿನ್ನೆ ಸಂಜೆ ಯಾಕೆ ಹೋಗಿಲ್ಲ ಇದು?” ಎಂದಳು.

“ಡ್ರೈವರು ಹತ್ತಿಸ್ಕೊಳ್ಳಲಿಲ್ಲ.”

“ಯಾಕೆ?”

“ಜನ ಸೇರಿದ್ರಂತೆ.”

“ಜನ ಯಾಕೆ ಸೇರಿದ್ರು?”

ಗೂಟದಣ್ಣ ಪ್ರಾಮಾಣಿಕವಾಗಿ ಯೋಚಿಸಿದ. “ನನಗೂ ಅರ್ಥ ಆಗ್ತಿಲ್ಲ ಕಣೇ. ನಾನಂತೂ ಸುಮ್ಮನೇ ಇದೀನಿ.”

ಜಾಲರಿಯ ಹಿಂದೆ ಮೇಡಂ ಹಣೆಗೆ ಒದ್ದೆ ಕರವಸ್ತ್ರ ಒತ್ತಿಕೊಂಡು ಕೂತಿದ್ದರು. “ನೋಡಿಮ್ಮಾ, ಆ ಡ್ರೈವರು ಇಂಥವು ಎಷ್ಟೋ ಸಾಗಿಸಿದಾನೆ. ಕಾಗದ ಓದಿ ಸರಿ ಅಂತಾನೇ ಅಂದ. ಹೊರಗೆ ಬಂದು ಇವರನ್ನ ನೋಡಿದ, ಈ ಜಾತ್ರೆ ನೋಡಿದ. ‘ಕಾವಲಿರೋ ಮಾಲು ಹತ್ತಿಸಲ್ಲ ಮೇಡಂ, ದಾರೀಲಿ ಯಾರಾದ್ರೂ ಅಡ್ಡ ಹಾಕಿದ್ರೆ ಮೊದಲ ಏಟು ಪೆಟ್ಟಿಗೆಗಾ ನನಗಾ?’ ಅಂದು ಹೋಗೇಬಿಟ್ಟ. ರಾತ್ರಿ ಗೋದಾಮಿನ ಕಾವಲಿನವನು ಬಂದ ಮೇಲೇ ಇವರು ಮನೆಗೆ ಹೋದದ್ದು. ಇವತ್ತು ಸಂಜೆ ಬರೋನೂ ಹಾಗೇ ಅಂದ್ರೆ ನಾಳೆ, ನಾಡಿದ್ದು ಲಾರಿ ಇಲ್ಲ.”

ಹೆಂಡತಿ ಬೆರಳು ಮಡಚಿ ದಿನ ಎಣಿಸಿದಳು. ಇವತ್ತು ಹೋಗದಿದ್ದರೆ ಸೋಮವಾರಕ್ಕೆ ಬಂದೂಕಿಲ್ಲ. ಬಂದೂಕಿಲ್ಲದಿದ್ದರೆ ಬೇರೆ ಬಾಗಿಲೂ ಇಲ್ಲ, ಬೇರೆ ನಲ್ಲಿಯೂ ಇಲ್ಲ. ಒಲೆಯ ಬುಡದ ಹಾಸಿಗೆಯೇ ಗತಿ.

ಗಂಡನ ತೋಳು ಹಿಡಿದು ಎಳೆದಳು. “ನಡೀರಿ ಮನೆಗೆ.”

“ಇಷ್ಟು ಜನರ ನಡುವೆ ಬಿಟ್ಟು ಹೋಗ್ಲಾ? ಯಾರಾದ್ರೂ ಕೈ ಹಾಕಿದ್ರೆ?”

“ನೀವಿರೋದಕ್ಕೇ ಜನ ಇರೋದು.”

“ಜನ ಇರೋದಕ್ಕೇ ನಾನಿರೋದು.”

ಕೋಳಿ ಮೊದಲಾ ಮೊಟ್ಟೆ ಮೊದಲಾ ಎಂದು ಕೇಳಿದ ಹಾಗಾಯಿತು. ಈಗ ಜನ ನಿಜವಾಗಿಯೂ ಸೇರಿದ್ದರು. ಪೆಟ್ಟಿಗೆಯನ್ನು ಒಬ್ಬ ಬೆರಳಿನಿಂದ ಕುಟ್ಟಿ ನೋಡುತ್ತಿದ್ದ. ಇನ್ನೊಬ್ಬ ಚಹಾದ ಲೋಟವನ್ನು ಬೋರಲು ಹಾಕಿ ಅದಕ್ಕೆ ಕಿವಿಕೊಟ್ಟು, “ಏನೋ ಉಸಿರಾಡ್ತಿದೆ” ಎನ್ನುತ್ತಿದ್ದ. ಕಾವಲು ಬೇಕಿಲ್ಲದ ಪೆಟ್ಟಿಗೆಗೆ ಅವನು ಕಾವಲು ನಿಂತು ನಿಂತು, ಕಾವಲಿಲ್ಲದೆ ಆಗದಂತೆ ಮಾಡಿಟ್ಟಿದ್ದ.

ಪೆಟ್ಟಿಗೆಯನ್ನು ಒಳಗಿನ ಕೋಣೆಗೆ ಹಾಕೋಣ ಎಂದು ಮೇಡಂ ಹೇಳಿದರು. ನಾಲ್ವರು ಎತ್ತಿಕೊಂಡು ಹೊರಟರೆ ಅದರ ಹಿಂದೆ ಗೂಟದಣ್ಣ, ಅವನ ಹಿಂದೆ ಜನ, ಮೆರವಣಿಗೆಯೇ ಆಯಿತು. ಕೋಣೆಯ ಬಾಗಿಲು ಮುರಿದೀತು ಎಂದು ಹೆದರಿ ಮೊದಲಿದ್ದಲ್ಲಿಗೇ ತಂದಿಟ್ಟರು. ಮೆರವಣಿಗೆಯೂ ವಾಪಸ್ಸು ಬಂತು. ದಾರಿಯಲ್ಲಿ ಇನ್ನಷ್ಟು ಜನ ಸೇರಿಕೊಂಡಿದ್ದರು.

ಹೊತ್ತು ಇಳಿಯುತ್ತ ಬಂತು. ಹೆಂಡತಿ ಒಂದು ಗೋಣಿಮೂಟೆಯ ಮೇಲೆ ಕೂತು ಗಂಡನನ್ನೇ ನೋಡಿದಳು. ಈ ಮನುಷ್ಯನನ್ನು ಎಳೆದು ಕದಲಿಸಿದವರಿಲ್ಲ. ಬೈದು ಕದಲಿಸಿದವರಿಲ್ಲ. ಬ್ಯಾಂಕಿನಲ್ಲಿ ಅವನು ಬಾಗಿಲು ಬಿಟ್ಟು ಹೋಗುತ್ತಿದ್ದದ್ದು ಯಾವಾಗ? ಸಂಜೆಯ ಕಾವಲಿನವನು ಬಂದು, ಇಬ್ಬರೂ ಎದುರೆದುರು ನಿಂತು, ಕೊಟ್ಟೆ ಎಂದು ಇವನು, ತಗೊಂಡೆ ಎಂದು ಅವನು ಹೇಳಿದ ಮೇಲೆ. ಚಾರ್ಜು ತೆಗೆದುಕೊಳ್ಳುವವನಿಲ್ಲದೆ ಇವನು ತನ್ನ ಅಪ್ಪ ಸತ್ತ ಸುದ್ದಿ ಬಂದಾಗಲೂ ಬಾಗಿಲು ಬಿಟ್ಟಿರಲಿಲ್ಲ. ಆ ದಿನ ಅವಳು ಎಷ್ಟು ಅತ್ತರೂ ಅಲುಗಾಡಿರಲಿಲ್ಲ, ಸಂಜೆಯವನು ಬಂದ ಮೇಲೆ ಮಗುವಿನಂತೆ ಅತ್ತಿದ್ದ.

ಎದ್ದು ಮೇಡಮ್ಮಿನ ಕಿವಿಯಲ್ಲಿ ಏನೋ ಹೇಳಿದಳು. ಮೇಡಂ ಮೊದಲು ಅವಳನ್ನು, ಆಮೇಲೆ ಆ ಮೂಲೆಯಲ್ಲಿದ್ದ ಒಂದು ದೊಡ್ಡ ರಟ್ಟಿನ ಪೆಟ್ಟಿಗೆಯನ್ನು ನೋಡಿದರು. ಅದು ಪ್ಲಾಸ್ಟಿಕ್ ಸಾಮಾನಿನ ಅಂಗಡಿಗೆ ಬಂದ ಬಕೆಟ್ಟುಗಳು.

ಮೇಡಂ ಜಾಲರಿಯಿಂದ ಹೊರಗೆ ಬಂದು ಗಂಭೀರವಾಗಿ, “ಗಾರ್ಡ್! ಆ ರಟ್ಟಿನ ಪೆಟ್ಟಿಗೆಗೆ ಈಗಿಂದ ಕಾವಲು ಬೇಕು. ಹೋಗಿ ನಿಂತ್ಕೊಳ್ಳಿ” ಎಂದರು.

ಗೂಟದಣ್ಣನ ಬೆನ್ನು ತಾನಾಗಿ ನೆಟ್ಟಗಾಯಿತು. ಅಧಿಕಾರಿಯ ದನಿ ಕೇಳಿ ಎಷ್ಟು ದಿನವಾಗಿತ್ತೋ. ಆದರೆ ಕಾಲು ಏಳಲಿಲ್ಲ. “ಇದರ ಚಾರ್ಜು ಯಾರು ತಗೋತಾರೆ ಮೇಡಂ?”

“ನಾನು” ಎಂದಳು ಹೆಂಡತಿ.

“ನೀನಾ?”

“ಯಾಕೆ? ನನ್ನ ಜೀವಮಾನವೆಲ್ಲಾ ನಿಮ್ಮನ್ನ ಕಾದಿಲ್ವಾ? ನಿಮಗಿಂತ ಈ ಪೆಟ್ಟಿಗೆ ಹೆಚ್ಚಾ?”

ಅವನು ತಡೆದು ತಡೆದು ಯೋಚಿಸಿದ. ಆಮೇಲೆ ನಾಲ್ಕು ಮೂಲೆಯ ಅರಗಿನ ಮುದ್ರೆಯನ್ನೂ ಅವಳ ಬೆರಳು ಹಿಡಿದು ಮುಟ್ಟಿಸಿದ. ಎದುರು ನಿಂತು ಮೆಲ್ಲಗೆ, “ಕೊಟ್ಟೆ” ಎಂದ.

“ತಗೊಂಡೆ.”

ಟಪ್ ಎಂದು ಬೂಟು ಜೋಡಿಸಿ ಸಲ್ಯೂಟ್ ಹೊಡೆದ. ಮದುವೆಯಾಗಿ ಇಷ್ಟು ವರ್ಷದಲ್ಲಿ ಹೆಂಡತಿಗೆ ಅವನು ಹೊಡೆದ ಮೊದಲ ಸಲ್ಯೂಟ್ ಅದು. ಅವಳಿಗೆ ನಗು ಬಂತು, ಕಣ್ಣಲ್ಲಿ ನೀರೂ ಬಂತು. ಎರಡನ್ನೂ ನುಂಗಿಕೊಂಡಳು.

ಗೂಟದಣ್ಣ ಕೊಡೆ ಭುಜಕ್ಕಿಟ್ಟು ರಟ್ಟಿನ ಪೆಟ್ಟಿಗೆಯ ಕಡೆ ನಡೆದು, ಅದಕ್ಕೆ ಅಂಟಿಸಿದ್ದ ಮಾಲಿನ ಚೀಟಿಯನ್ನು ಓದಿಕೊಂಡು ನಿಂತ. ಜನ ಒಂದು ಗಳಿಗೆ ಆ ಪೆಟ್ಟಿಗೆ, ಈ ಪೆಟ್ಟಿಗೆ ನೋಡಿದರು. ಈ ಪೆಟ್ಟಿಗೆಯ ಮೇಲೆ ಆಗಲೇ ಒಬ್ಬ ಹೆಂಗಸು ಕೂತು, ಸೆರಗಿಗೆ ಚುಚ್ಚಿಕೊಂಡಿದ್ದ ಸೂಜಿ ದಾರದಲ್ಲಿ ಮೂಟೆ ಹೊರುವವನೊಬ್ಬನ ಅಂಗಿಗೆ ಗುಂಡಿ ಹಾಕುತ್ತಿದ್ದಳು. ಹೆಂಗಸು ಕೂತ ಪೆಟ್ಟಿಗೆಯಲ್ಲಿ ಏನಿರುತ್ತದೆ? ಹಳೆಯ ಪಾತ್ರೆ ಇರುತ್ತದೆ. ಎಲ್ಲರೂ ಗೂಟದಣ್ಣನ ಹಿಂದೆ ಹೋದರು.

“ಇದ್ರೊಳಗೇನಿದೆ ಅಣ್ಣಾ?”

ಇದಕ್ಕೆ ಸುಮ್ಮನಿರು ಎಂದು ಯಾರೂ ಹೇಳಿರಲಿಲ್ಲ. “ಬಕೆಟ್ಟು” ಎಂದ ಗೂಟದಣ್ಣ, ಇದ್ದದ್ದನ್ನು ಇದ್ದಂತೆ.

ಜನ ಒಬ್ಬರ ಮುಖ ಒಬ್ಬರು ನೋಡಿಕೊಂಡರು.

“ಬಕೆಟ್ಟಂತೆ!”

“ಆಗ ಹೇಳೋ ಹಾಗಿಲ್ಲ ಅಂದ, ಈಗ ಬಕೆಟ್ ಅಂತಾನೆ. ಇದು ಅದಕ್ಕಿಂತ ದೊಡ್ಡದೇ ಇರ್ಬೇಕು.”

“ಅಣ್ಣಾ, ನಿಜ ಹೇಳಿ.”

“ನಿಜವಾಗ್ಲೂ ಬಕೆಟ್ಟೇ. ಕೆಂಪು, ನೀಲಿ ಎರಡೂ ಇದೆ. ಒಂದರೊಳಗೆ ಒಂದು ಇಟ್ಟಿದಾರೆ.”

“ಎಷ್ಟು ಚೆನ್ನಾಗಿ ಕಲಿಸಿದಾರೆ ನೋಡಿ” ಎಂದ ಮೇಸ್ತ್ರಿ ತಲೆದೂಗಿ.

ಅಷ್ಟರಲ್ಲಿ ಪ್ಲಾಸ್ಟಿಕ್ ಅಂಗಡಿಯವನು ತನ್ನ ಮಾಲು ಬಿಡಿಸಿಕೊಳ್ಳಲು ಬಂದ. ತನ್ನ ಪೆಟ್ಟಿಗೆಯ ಸುತ್ತ ಅಷ್ಟು ಜನ, ಪಕ್ಕದಲ್ಲಿ ಟೋಪಿಯ ಗಾರ್ಡು! ಅವನಿಗೇ ಸಂಶಯ ಬಂತು. “ನಾನು ತರಿಸಿದ್ದು ಬಕೆಟ್ಟು... ಬೇರೆ ಏನಾದ್ರೂ ಬಂದುಬಿಟ್ಟಿದೆಯಾ?” ಎಂದು ತೊದಲಿದ. ತೊದಲಿದ್ದೇ ತಡ, ಬಿಚ್ಚು ಬಿಚ್ಚು ಎಂದು ಗದ್ದಲವೆದ್ದಿತು. ಗೂಟದಣ್ಣ ಅವನ ರಸೀದಿ ನೋಡಿ, ಮುಖ ನೋಡಿ, ಸರಿದು ನಿಂತ.

ಮೊದಲ ಬಕೆಟ್ಟು ಬಂತು. ಕೆಂಪು. ಎರಡನೆಯದು ನೀಲಿ. “ಎಲ್ಲಕ್ಕಿಂತ ಕೆಳಗಿಂದು ತೆಗಿ!” ಎಂದರು. ಕೊನೆಯ ಬಕೆಟ್ಟನ್ನೂ ತೆಗೆದು ಬೋರಲು ಹಾಕಿ ಕುಟ್ಟಿದರು. ಏನೂ ಬೀಳಲಿಲ್ಲ. ಆದರೂ ಇಷ್ಟು ಕಾವಲಿನಲ್ಲಿ ಬಂದ ಬಕೆಟ್ಟು ಸುಮ್ಮನೆ ಬಕೆಟ್ಟಾಗಿರಲಾರದು ಎಂದು ಒಬ್ಬ ಒಂದನ್ನು ಕೊಂಡ. ಅವನನ್ನು ನೋಡಿ ಇನ್ನೊಬ್ಬ. ಮೇಸ್ತ್ರಿ ಒಂದು ಕೆಂಪು, ಒಂದು ನೀಲಿ ಎರಡನ್ನೂ ಕೊಂಡ. ಅಂಗಡಿಯವನಿಗೆ ಅಂಗಡಿಗೆ ಒಯ್ಯಲು ಖಾಲಿ ರಟ್ಟು ಮಾತ್ರ ಉಳಿಯಿತು.

ಈ ಗಲಾಟೆಯ ನಡುವೆಯೇ ಹಿಂದಿನ ಬಾಗಿಲಿಗೆ ಸಂಜೆಯ ಲಾರಿ ಬಂದು ನಿಂತಿತ್ತು. ಮೇಡಂ ಡ್ರೈವರನ್ನು ಒಳಗೆ ಕರೆದು ಕಾಗದ ತೋರಿಸಿ ಸಹಿ ಹಾಕಿಸಿಕೊಂಡರು. ಅವನು ಬಂದು, “ಅಮ್ಮಾ, ಒಂಚೂರು ಏಳ್ತೀರಾ? ನಿಮ್ಮ ಕೆಳಗಿರೋದನ್ನ ಹತ್ತಿಸ್ಬೇಕು” ಎಂದ.

ಅವಳು ಹಲ್ಲಿನಲ್ಲಿ ದಾರ ಕಡಿದಳು. ಏಳುವ ಮೊದಲು ಅವನನ್ನು ಎದುರು ನಿಲ್ಲಿಸಿಕೊಂಡು, “ಕೊಟ್ಟೆ” ಎಂದಳು.

“ಆಂ?”

“ತಗೊಂಡೆ ಅನ್ನಪ್ಪಾ. ಇಲ್ಲಾಂದ್ರೆ ನಾನು ಏಳೋ ಹಾಗಿಲ್ಲ.”

“ತಗೊಂಡೆ” ಎಂದ ಡ್ರೈವರು, ಮುದುಕಿಗೆ ಅರಳುಮರುಳು ಎಂದುಕೊಂಡು. ಲಾರಿ ಹೊರಟಿತು.

ಶನಿವಾರ ಇಬ್ಬರೂ ಬಸ್ಸಿನಲ್ಲಿ ಹೋದರು. ಬಂದೂಕು ಕೋಟು ತೊಟ್ಟು, ಗುಂಡಿ ಹಾಕಿಕೊಂಡು, ಮುದ್ರೆಯೊತ್ತಿದ ಪೆಟ್ಟಿಗೆಯಲ್ಲಿ ಮಲಗಿ ಹೋಗಿತ್ತು. ಇವರಿಗೆ ಹಿಂದಿನ ಸೀಟು, ರಸ್ತೆಯಲ್ಲಿ ಗುಂಡಿ ಬಂದಾಗಲೆಲ್ಲ ತಲೆ ತಗಡಿಗೆ ತಾಗುವ ಕಡೆ. ಅಲ್ಲಿನ ಬಂದೂಕಿನ ಅಂಗಡಿಯವರು ಮುದ್ರೆ ನೋಡಿ, ತಿರುಪು ಬಿಚ್ಚಿ, ಗವಸು ಬಿಡಿಸಿ ಬಂದೂಕು ಜೋಡಿಸಿದರು. ಠಾಣೆಯಲ್ಲಿ ಲೈಸೆನ್ಸಿಗೆ ಹೊಸ ಜಿಲ್ಲೆ ಸೇರಿತು. ಎಲ್ಲ ಸರಿಯಾಯಿತು, ಕೀಲಿಯೊಂದು ಬಿಟ್ಟು. ಅಂಚೆಯ ಲಕೋಟೆ ಇನ್ನೂ ಬಂದಿರಲಿಲ್ಲ. “ಬೀಗ ಇದ್ದ ಹಾಗೇ ತಗೊಂಡು ಹೋಗಿ, ಕೀಲಿ ಬಂದ ದಿನ ಕಳಿಸ್ತೀನಿ” ಎಂದರು.

ಸೋಮವಾರ ಬೆಳಿಗ್ಗೆ ಚಿನ್ನದ ಅಂಗಡಿಯ ಬೀದಿಯಲ್ಲಿ ಹೆಂಡತಿ ಗಂಡನ ಕಾಲರು ಸರಿಮಾಡುತ್ತ ಬೇಡಿಕೊಂಡಳು. “ಬೀಗದ ವಿಷಯ ಅವರಾಗಿ ಕೇಳೋವರೆಗೂ ಎತ್ತಬೇಡಿ. ಇದೊಂದು ಸಲ. ನನಗೋಸ್ಕರ.”

“ಆಯ್ತು” ಎಂದ.

ಧಣಿ ಬಾಗಿಲು ತೆಗೆಯುತ್ತಿದ್ದ ಹಾಗೆ ಗೂಟದಣ್ಣ ಸಲ್ಯೂಟ್ ಹೊಡೆದು, “ನಮಸ್ಕಾರ ಧಣಿ, ಬಂದೂಕು ಬಂದಿದೆ, ಆದ್ರೆ ಹೊಡೆಯಲ್ಲ” ಎಂದ.

ಮೂಲೆಯಲ್ಲಿ ಗಂಟು ಹಿಡಿದು ನಿಂತಿದ್ದ ಹೆಂಡತಿ ಕಣ್ಣು ಮುಚ್ಚಿಕೊಂಡಳು.

“ಹೊಡೆಯಲ್ಲ ಅಂದ್ರೆ?”

“ಬೀಗ ಹಾಕಿದೆ. ಕೀಲಿ ಅಂಚೆಯಲ್ಲಿದೆ. ಯಾವಾಗ ಬರುತ್ತೋ ಗೊತ್ತಿಲ್ಲ. ಬಂದ್ರೂ ತೋಟಾ ಇಲ್ಲ, ಅದು ಆ ಊರಲ್ಲೇ ಇದೆ.”

ಧಣಿ ಬೀಗವನ್ನು ಬೆರಳಿನಿಂದ ಎಳೆದು ನೋಡಿದರು. ಅವನನ್ನು ಒಳಗೆ ಕರೆದರು. ಹೆಂಡತಿಯೂ ಹಿಂದೆ ಹೋದಳು. ಅಂಗಡಿಯ ನಾಲ್ಕು ಗೋಡೆಗೂ ಕನ್ನಡಿ. ನಾಲ್ಕೂ ಕಡೆ ನಾಲ್ಕು ಗೂಟದಣ್ಣ ನಿಂತಿದ್ದರು. ಒಂದು ಕನ್ನಡಿಯ ನಡುವೆ ಮಾತ್ರ ಜೇಡರ ಬಲೆಯಂತೆ ಬಿರುಕು.

“ಹಿಂದೆ ಇದ್ದವನು ಇಲಿಗೆ ಹೊಡೆದದ್ದು. ಆ ಇಲಿ ಇನ್ನೂ ಇದೆ, ದಿನಾ ಬಂದು ನೋಡ್ಕೊಂಡು ಹೋಗುತ್ತೆ. ಅವತ್ತಿನಿಂದ ಬಂದೂಕಿರೋ ಕಡೆಗೆ ನಾನು ಬೆನ್ನು ಹಾಕಿ ಕೂರಲ್ಲ. ಇನ್ಶೂರೆನ್ಸಿನವರು ಬಾಗಿಲಲ್ಲಿ ಬಂದೂಕು ಇರ್ಲೇಬೇಕು ಅಂತಾರೆ, ನನ್ನ ಹೆಂಡತಿ ಇರ್ಲೇಬಾರ್ದು ಅಂತಾಳೆ. ಅಣ್ಣಾ, ಆ ಕೀಲಿ ಬರೋವರೆಗಾದ್ರೂ ನಾನು ನೆಮ್ಮದಿಯಾಗಿ ವ್ಯಾಪಾರ ಮಾಡ್ತೀನಿ. ಆಮೇಲೂ ಅವಸರ ಮಾಡಬೇಡ.”

ಗಲ್ಲಾದ ಹಿಂದಿನ ಮೊಳೆಯಿಂದ ಕೋಣೆಯ ಬೀಗದ ಕೈ ತೆಗೆದು ಹೆಂಡತಿಯ ಕೈಗೆ ಕೊಟ್ಟರು. ಅವಳು ಅದನ್ನು ಸೆರಗಿನ ತುದಿಗೆ ಕಟ್ಟಿ, ಗಂಟನ್ನು ಎರಡು ಸಲ ಎಳೆದು ನೋಡಿದಳು.

ಕೋಣೆ ಸಣ್ಣದು. ಕಿಟಕಿ ಗೋಡೆಯ ಮೇಲ್ತುದಿಯಲ್ಲಿ, ನೆಲದಲ್ಲಿ ಒಂದು ಕಲ್ಲು ಅಲುಗಾಡುತ್ತಿತ್ತು. ನಲ್ಲಿ ಸೋರುತ್ತಿತ್ತು. ಅವಳು ಅದರ ಕೆಳಗೆ ಪಾತ್ರೆಯಿಟ್ಟು, ಸೋರುವ ಸದ್ದನ್ನು ಸ್ವಲ್ಪ ಹೊತ್ತು ಕೇಳಿದಳು.

ಆ ವಾರದ ಕೊನೆಯಲ್ಲಿ ಮಗಳು ಕೂಸನ್ನು ಎತ್ತಿಕೊಂಡು ಬಂದಳು. ಹೊಸಿಲಿನ ಹೊರಗೆ ನಿಂತು, “ಅಮ್ಮಾ, ಬರ್ಲಾ?” ಎಂದಳು.

“ತಡಿಯೇ, ಚಾಪೆ ಹಾಸ್ತೀನಿ.”

ಚಾಪೆ ಹಾಸಿ, ಅದರ ಸುಕ್ಕು ಕೈಯಿಂದ ಸವರಿ, “ಈಗ ಬಾ” ಎಂದಳು. ಚಹಾ ಕುಡಿದಾದ ಮೇಲೆ ಮಗಳು ಲೋಟಗಳನ್ನು ಎತ್ತಿಕೊಂಡು ನಲ್ಲಿಯ ಕಡೆ ಹೊರಟಳು. ತಾಯಿ ಅವಳ ಕೈಯಿಂದ ಲೋಟ ಕಿತ್ತುಕೊಂಡಳು.

“ಬಂದೋರು ಕೂತ್ಕೋಬೇಕು” ಎಂದಳು.